ದೀಕ್ಷಾಸ್ನಾನಕ್ಕೆ ಅತಿಥಿಯಾಗಿ ಹೋಗುವ ಗಂಡಸರಿಗೆ ಲಿನನ್ ಅಂಗಿ: ಮೂರು ಸಮಾರಂಭಗಳ ಅನುಭವ

ಮಂಗಳೂರಿನ ಹಂಪನಕಟ್ಟೆಯ ಆಸುಪಾಸಿನ ಒಂದು ಪುಟ್ಟ ದರ್ಜಿಯಂಗಡಿಯಲ್ಲಿ ಎರಡು ವರ್ಷಗಳ ಹಿಂದೆ ನಾನು ಒಂದು ತಿಳಿನೀಲಿ ಲಿನನ್ ಅಂಗಿಯನ್ನೂ ಅದಕ್ಕೊಪ್ಪುವ ಕಡುಬೂದು ಬಣ್ಣದ ಹತ್ತಿ ಪ್ಯಾಂಟನ್ನೂ ಹೊಲಿಸಿಕೊಂಡೆ. ಸಹೋದ್ಯೋಗಿಯೊಬ್ಬರ ಮಗುವಿನ ದೀಕ್ಷಾಸ್ನಾನ, ಅಂದರೆ ನೀರೆರೆದು ಮಗುವನ್ನು ಕ್ರೈಸ್ತ ಸಭೆಗೆ ಸೇರಿಸಿಕೊಳ್ಳುವ ವಿಧಿ, ಮಿಲಾಗ್ರಿಸ್ ಚರ್ಚಿನಲ್ಲಿ ನಡೆಯುವುದಿತ್ತು, ಹೊಲಿಸಿದ್ದು ಅದಕ್ಕೆಂದೇ. ಆ ಬಳಿಕ ಕಿನ್ನಿಗೋಳಿಯ ಕಡೆಯ ಒಂದು ಹಳ್ಳಿಯ ಚರ್ಚಿಗೂ, ಮತ್ತೊಮ್ಮೆ ನಮ್ಮೂರು ಧಾರವಾಡಕ್ಕೂ ಇಂಥದೇ ಸಮಾರಂಭಕ್ಕೆ ಇದೇ ಜೋಡಿಯನ್ನು ಧರಿಸಿ ಹೋಗಿಬಂದಿದ್ದೇನೆ. ಬಟ್ಟೆಯ ಗುಣದೋಷಗಳನ್ನು ಹೇಳುವಷ್ಟು ಬಳಕೆ ಆಗಿದೆ ಎಂಬ ನಂಬಿಕೆಯಿಂದ, ಕ್ರೈಸ್ತ ಗೆಳೆಯರ ಮನೆಯಿಂದ ಆಮಂತ್ರಣ ಬಂದಾಗ ಏನು ಹಾಕಿಕೊಳ್ಳಬೇಕೆಂದು ತಿಳಿಯದೆ ಕಪಾಟಿನ ಮುಂದೆ ನಿಲ್ಲುವ ಗಂಡಸರಿಗಾಗಿ ಇದನ್ನು ಬರೆಯುತ್ತಿದ್ದೇನೆ. ಹೆಣ್ಣುಮಕ್ಕಳಿಗೆ ಸೀರೆಯಿದೆ, ಅದು ಗುಡಿಗೂ ಸಲ್ಲುತ್ತದೆ, ಚರ್ಚಿಗೂ ಸಲ್ಲುತ್ತದೆ. ನಮಗೆ ಹಾಗೆ ಎಲ್ಲೆಡೆ ಸಲ್ಲುವ ಒಂದು ಉಡುಪು ತಟ್ಟನೆ ಹೊಳೆಯುವುದಿಲ್ಲ.

ಇದಕ್ಕೂ ಹಿಂದೆ, ಒಂದು ಏಪ್ರಿಲ್ ತಿಂಗಳಲ್ಲಿ ನಾನು ಮೊದಲ ಬಾರಿಗೆ ಇಂಥ ಸಮಾರಂಭಕ್ಕೆ ಹೋದಾಗ ಮಾಡಿದ ಆಯ್ಕೆ ತಪ್ಪಾಗಿತ್ತು. ಚರ್ಚು ಎಂದರೆ ಕೋಟು ಎಂದು ನಾನು ಭಾವಿಸಿದ್ದೆ; ಮಾಲ್ ಒಂದರ ಅಂಗಡಿಯಿಂದ 4,500 ರೂಪಾಯಿ ಕೊಟ್ಟು ಪಾಲಿಯೆಸ್ಟರ್ ಬೆರೆತ ಬ್ಲೇಜರ್ ತಂದಿದ್ದೆ. ಬೆಳಗಿನ ಪೂಜೆ ಮುಗಿದ ಮೇಲೆ ದೀಕ್ಷಾಸ್ನಾನ ಆರಂಭವಾಗುವ ಹೊತ್ತಿಗೆ ಕರಾವಳಿಯ ಸೆಕೆ ಏರಿತ್ತು, ಒಳಗಿನ ಅಸ್ತರು ಅಂಗಿಗೆ ಅಂಟಿಕೊಂಡು ಕೈ ಎತ್ತುವುದೇ ಕಷ್ಟವಾಗಿತ್ತು. ಮೊಣಕಾಲೂರಿ ಏಳುವಾಗ ಕಂಕುಳ ಬಳಿ ಹೊಲಿಗೆ ಬಿಟ್ಟಿತು. ಇವೆರಡನ್ನೂ ನಾನು ಸಹಿಸಿಕೊಳ್ಳುತ್ತಿದ್ದೆ. ಆದರೆ ವಿಧಿ ಮುಗಿದು ಮಗುವನ್ನು ಒಬ್ಬರ ಕೈಯಿಂದ ಒಬ್ಬರು ಎತ್ತಿಕೊಳ್ಳುತ್ತ ಬಂದು ನನ್ನ ತೋಳಿಗೆ ಕೊಟ್ಟಾಗ, ಬ್ಲೇಜರಿನ ಲೋಹದ ಗುಂಡಿ ಆ ಕೂಸಿನ ಕೆನ್ನೆಗೆ ಒತ್ತಿ, ದುಂಡನೆಯ ಕೆಂಪು ಗುರುತೊಂದು ಮೂಡಿತು. ಮಗು ಅತ್ತಿತು, ತಾಯಿ ಏನೂ ಹೇಳದೆ ನಕ್ಕು ಮಗುವನ್ನು ತೆಗೆದುಕೊಂಡರು. ಅವತ್ತು ರಾತ್ರಿಯವರೆಗೂ ಆ ಕೆಂಪು ಗುರುತು ನನ್ನ ಕಣ್ಣಿಂದ ಮರೆಯಾಗಲಿಲ್ಲ. ಬಿಟ್ಟುಹೋದ ಹೊಲಿಗೆಯನ್ನು ತೋರಿಸಿದರೆ ಆ ಅಂಗಡಿಯವರು ಬದಲಿಸಿ ಕೊಡಲೂ ಒಪ್ಪಲಿಲ್ಲ.

ಹಾಗಾಗಿ ಎರಡನೆಯ ಆಮಂತ್ರಣ ಬಂದಾಗ ನಾನು ಬಟ್ಟೆಯ ಬಗ್ಗೆ ಯೋಚಿಸುವ ಮೊದಲು ವಿಧಿಯ ಬಗ್ಗೆ ತಿಳಿದುಕೊಂಡೆ. ಕಥೋಲಿಕರಲ್ಲಿ ಗುರುಗಳು ಮಗುವನ್ನೂ ತಂದೆತಾಯಿಗಳನ್ನೂ ಚರ್ಚಿನ ಬಾಗಿಲಲ್ಲಿ ಎದುರುಗೊಂಡು, ಮಗುವಿನ ಹಣೆಯ ಮೇಲೆ ಶಿಲುಬೆಯ ಗುರುತು ಹಾಕಿ ಒಳಗೆ ಕರೆದೊಯ್ಯುತ್ತಾರೆ. ವಾಚನ, ಪ್ರಾರ್ಥನೆಗಳಾದ ಮೇಲೆ ತಂದೆ, ಮಗ, ಪವಿತ್ರಾತ್ಮರ ಹೆಸರಿನಲ್ಲಿ ಮೂರು ಸಲ ತಲೆಯ ಮೇಲೆ ನೀರೆರೆಯುತ್ತಾರೆ. ಅನಂತರ ನೆತ್ತಿಗೆ ಕ್ರಿಸ್ಮ ತೈಲದ ಲೇಪನ. ಇದು ಆಲಿವ್ ಎಣ್ಣೆಗೆ ಸುಗಂಧದ ಬಾಲ್ಸಂ ಬೆರೆಸಿ, ಈಸ್ಟರಿಗೆ ಮುಂಚಿನ ಪವಿತ್ರ ವಾರದ ಹೊತ್ತಿಗೆ ಬಿಷಪರು ಆಶೀರ್ವದಿಸಿ ಕೊಡುವ ಎಣ್ಣೆ. ಬಳಿಕ ಮಗುವಿಗೆ ಬಿಳಿಯ ವಸ್ತ್ರ ಹೊದಿಸುತ್ತಾರೆ, ಪಾಸ್ಕ ಮೋಂಬತ್ತಿ ಎಂಬ ಈಸ್ಟರಿನ ದೊಡ್ಡ ಮೋಂಬತ್ತಿಯಿಂದ ಚಿಕ್ಕ ಮೋಂಬತ್ತಿಯೊಂದನ್ನು ಹೊತ್ತಿಸಿ ತಂದೆಯ ಅಥವಾ ಧರ್ಮಪಿತನ (ಗಾಡ್‌ಫಾದರ್) ಕೈಗೆ ಕೊಡುತ್ತಾರೆ. ಇಷ್ಟೂ ಹೊತ್ತು ಅತಿಥಿಗಳು ಕುಳಿತು, ಎದ್ದು, ಕೆಲವೊಮ್ಮೆ ಮೊಣಕಾಲೂರಿ ಪಾಲ್ಗೊಳ್ಳುತ್ತಾರೆ. ಕೊನೆಗೆ ಎಲ್ಲರೂ ಮಗುವಿನ ಸುತ್ತ ಸೇರುತ್ತಾರೆ. ಅಂದರೆ ಅತಿಥಿಯ ಉಡುಪಿಗೆ ಇಲ್ಲಿ ಸೆಕೆ, ಮೊಣಕಾಲು, ಎಣ್ಣೆ, ಮೇಣ ಮತ್ತು ಎಲ್ಲಕ್ಕಿಂತ ಮಿಗಿಲಾಗಿ ಕೆಲವೇ ತಿಂಗಳ ಕೂಸಿನ ಮೈ, ಇಷ್ಟು ಪರೀಕ್ಷೆಗಳಿವೆ. ಮದುವೆಗೆ ಹಾಕಿಕೊಂಡ ಬಟ್ಟೆಗೆ ಇವುಗಳಲ್ಲಿ ಅರ್ಧವೂ ಇರುವುದಿಲ್ಲ.

ಬಿಳಿ ವಸ್ತ್ರದ ಮಾತನ್ನು ಇನ್ನಷ್ಟು ಹೇಳಬೇಕೆನಿಸುತ್ತದೆ. ದೀಕ್ಷಾಸ್ನಾನ ಪಡೆದವರು ಕ್ರಿಸ್ತನನ್ನೇ ಧರಿಸಿಕೊಂಡವರು ಎಂದು ಸಂತ ಪೌಲನು ಗಲಾತ್ಯದವರಿಗೆ ಬರೆದ ಪತ್ರದಲ್ಲಿದೆ. ಉಡುಗೆಯೆಂಬುದು ಈ ವಿಧಿಯಲ್ಲಿ ಅಲಂಕಾರವಲ್ಲ, ಅದು ವಿಧಿಯ ಅರ್ಥದ ಭಾಗವೇ ಆಗಿದೆ. ಆದ್ದರಿಂದ ಆ ದಿನ ಬಿಳುಪು ಮಗುವಿಗೆ ಸೇರಿದ್ದು ಎಂಬುದು ನನ್ನ ಭಾವನೆ. ಅತಿಥಿ ಬಿಳಿ ಅಂಗಿ ಹಾಕಿಕೊಂಡರೆ ಯಾರೂ ತಪ್ಪು ತಿಳಿಯುವುದಿಲ್ಲ, ನಾನೇ ಎಷ್ಟೋ ಹಿರಿಯರನ್ನು ಬಿಳಿ ಅಂಗಿಯಲ್ಲಿ ನೋಡಿದ್ದೇನೆ. ಆದರೂ ತಿಳಿನೀಲಿ, ಕೆನೆ, ಎಳೆಹಸಿರು, ತಿಳಿಬೂದು ಬಣ್ಣಗಳು ಈ ಸಂದರ್ಭಕ್ಕೆ ಇನ್ನೂ ಹಿತವಾಗಿ ಒಗ್ಗುತ್ತವೆ. ಅಡಿಯಿಂದ ಮುಡಿಯವರೆಗೆ ಕಪ್ಪು ಮಾತ್ರ ಬೇಡ. ನಮ್ಮಲ್ಲಿ ತೊಟ್ಟಿಲ ಕಾರ್ಯಕ್ಕೆ ಕಪ್ಪು ಹೇಗೆ ಒಗ್ಗುವುದಿಲ್ಲವೋ, ಅವರಲ್ಲಿಯೂ ಕಪ್ಪು ಶವಸಂಸ್ಕಾರದ ದಿನವನ್ನೇ ನೆನಪಿಸುತ್ತದೆ.

ಬಟ್ಟೆಯಂಗಡಿಯಲ್ಲಿ ನಾನು ಆರಿಸಿದ್ದು 60 ಲೀ ಎಂಬ ಎಣಿಕೆಯ ನೂಲಿನ ಲಿನನ್. ಒಂದು ಪೌಂಡ್ ನೂಲಿನಲ್ಲಿ 300 ಗಜ ಉದ್ದದ ಎಷ್ಟು ಲಡಿಗಳು ಬರುತ್ತವೆ ಎಂಬುದು ಈ ಲೆಕ್ಕ. ಸಂಖ್ಯೆ ಹೆಚ್ಚಿದಷ್ಟೂ ನೂಲು ಸಣ್ಣ, ಬಟ್ಟೆ ನಯ. 40ರ ಬಟ್ಟೆ ಮಗುವಿನ ಚರ್ಮಕ್ಕೆ ತುಸು ಒರಟು, 80ರದು ನನ್ನ ಕೈಗೆ ತೀರ ತೆಳುವೆನಿಸಿತು ಮತ್ತು ಬೆಲೆಯೂ ಹೆಚ್ಚು. 58 ಅಂಗುಲ ಪನ್ನದ ಬಟ್ಟೆಯಲ್ಲಿ ಉದ್ದತೋಳಿನ ಅಂಗಿಗೆ 1.6 ಮೀಟರ್ ಸಾಕೆಂದರೂ, ಒಗೆದಾಗ ಕುಗ್ಗುತ್ತದೆಂದು ನಾನು 1.8 ಮೀಟರ್ ಕೊಂಡೆ. ಮೀಟರಿಗೆ 1,100 ರೂಪಾಯಿ ಬಿತ್ತು. ಪ್ಯಾಂಟಿಗೆ ಮೊದಲು ಖಾಕಿ ಬಣ್ಣದ ಹತ್ತಿಯನ್ನು ಎತ್ತಿಕೊಂಡಿದ್ದೆ. ಬಾಸೆಲ್ ಮಿಷನ್ನಿನವರು 1834ರಲ್ಲಿ ಮಂಗಳೂರಿಗೆ ಬಂದು ಮುಂದೆ ಇಲ್ಲಿ ನೇಯ್ಗೆಯ ಕಾರ್ಖಾನೆ ತೆರೆದರು, ಖಾಕಿಯ ಬಣ್ಣ ಹುಟ್ಟಿದ್ದೇ ಆ ಕಾರ್ಖಾನೆಯಲ್ಲಿ ಎಂದು ಈ ಊರಿನವರು ಅಭಿಮಾನದಿಂದ ಹೇಳುತ್ತಾರೆ. ಆ ಕಾರಣಕ್ಕೇ ನನಗೆ ಅದರ ಮೇಲೆ ಆಸೆಯಿತ್ತು. ತಿಳಿನೀಲಿಯ ಜೊತೆ ಖಾಕಿ ಸೇರಿದರೆ ಸಮವಸ್ತ್ರದಂತೆ ಕಾಣುತ್ತದೆಂದು ಅಂಗಡಿಯವರು ತಿಳಿಹೇಳಿದ ಮೇಲೆ ಕಡುಬೂದು ಬಣ್ಣಕ್ಕೆ ಬಂದೆ. ಅವರ ಮಾತು ಸರಿಯಾಗಿತ್ತು.

ಲಿನನ್ ಎಂದರೆ ಅಗಸೆಯ ನಾರು. ನಮ್ಮ ಧಾರವಾಡದ ಕಡೆ ರೊಟ್ಟಿಯ ಜೊತೆ ದಿನವೂ ತಿನ್ನುವ ಅಗಸಿ ಹಿಂಡಿ ಯಾವ ಗಿಡದ ಬೀಜದ್ದೋ, ಅದೇ ಗಿಡದ ದಂಟಿನಿಂದ ಈ ನೂಲು ಬರುತ್ತದೆ ಎಂಬುದು ತಿಳಿದಾಗ ನನಗೆ ಆದ ಸಂತೋಷ ಅಷ್ಟಿಷ್ಟಲ್ಲ. ಬೀಜಕ್ಕಾಗಿ ನಮ್ಮ ಎರೆಹೊಲಗಳಲ್ಲಿ ಬೆಳೆಯುವ ತಳಿ ಗಿಡ್ಡದು, ಹೆಚ್ಚು ಕವಲೊಡೆಯುವಂಥದು. ನಾರಿಗಾಗಿ ಫ್ರಾನ್ಸ್, ಬೆಲ್ಜಿಯಂಗಳ ತಂಪು ಹವೆಯಲ್ಲಿ ಬೆಳೆಯುವ ತಳಿ ಎತ್ತರದ್ದು, ನೇರ ದಂಟಿನದ್ದು. ಈ ನಾರು ಬೆವರನ್ನು ಬೇಗ ಹೀರಿಕೊಂಡು ಬೇಗ ಆರಿಸುತ್ತದೆ. ಒದ್ದೆಯಾದಾಗ ಬಲ ಕಳೆದುಕೊಳ್ಳದೆ ಇನ್ನಷ್ಟು ಗಟ್ಟಿಯಾಗುತ್ತದೆ. ಮಂಗಳೂರಿನಂಥ ಊರಿಗೆ ಇದಕ್ಕಿಂತ ಹೊಂದುವ ಬಟ್ಟೆ ನನಗೆ ಬೇರೆ ಕಂಡಿಲ್ಲ.

ಇನ್ನು ಹೊಲಿಗೆ. ದರ್ಜಿ ಎಪ್ಪತ್ತರ ಸನಿಹದ ಹಿರಿಯರು, ಗೋಡೆಯ ಮೇಲೆ ಯೇಸುವಿನ ಪಟವಿದ್ದ ಅಂಗಡಿಯಲ್ಲಿ ಒಬ್ಬರೇ ಕುಳಿತು ಹೊಲಿಯುತ್ತಾರೆ. ನಾನು ಹಳೆಯ ಅಭ್ಯಾಸದಂತೆ, ಇದರ ಮೇಲೊಂದು ತೋಳಿಲ್ಲದ ಕೋಟೂ ಬೇಕಾದೀತೇ ಎಂದು ಕೇಳಿದೆ. ಅವರು ಕನ್ನಡಕ ಮೇಲೆ ಸರಿಸಿ, "ಎಂತಕ್ಕೆ ಸರ್ ಕೋಟು? ಗಾಡ್‌ಫಾದರ್ ನೀವಾ? ಅಲ್ಲ ಅಲ್ವಾ. ಅವರು ಸೂಟು ಹಾಕ್ಲಿ, ಅವರಿಗೆ ಅದು ಚೆಂದ. ನಿಮಗೆ ಮಗುವನ್ನು ಎತ್ತಿಕೊಳ್ಳಲಿಕ್ಕೆ ಆಗ್ಬೇಕು ಮಾರಾಯ್ರೇ, ಅಷ್ಟೇ" ಎಂದರು. ಹಿಂದಿನ ಗುಂಡಿಯ ಪ್ರಸಂಗವನ್ನು ನಾನು ಅವರಿಗೆ ಆಗ ಹೇಳಿದೆ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, ಡಬ್ಬಿಯಿಂದ ಚಪ್ಪಟೆಯಾದ ಚಿಪ್ಪಿನ ಗುಂಡಿಗಳನ್ನು ತೆಗೆದು ನನ್ನ ಅಂಗೈ ಮೇಲಿಟ್ಟು, ಗುಂಡಿಗಳು ಕಾಣದಂತೆ ಮೇಲೊಂದು ಪಟ್ಟಿ ಬರುವ ಹಾಗೆ ಹೊಲಿಯುತ್ತೇನೆ ಎಂದರು. ಆ ಮಾತನ್ನು ನಡೆಸಿಕೊಟ್ಟರು ಕೂಡ. ಎದೆಯ ಮೇಲೆ ಕಿಸೆ ಇಡಲಿಲ್ಲ, ಏಕೆಂದರೆ ಕಿಸೆಯಿದ್ದರೆ ಪೆನ್ನಿರುತ್ತದೆ, ಪೆನ್ನು ಇದ್ದರೆ ಅದರ ಮೊನೆ ಮಗುವಿಗೆ ತಾಗುತ್ತದೆ. ಕಾಲರಿಗೆ ಗಟ್ಟಿ ಬಕ್ರಂ ಬಿಟ್ಟು ಮೆತ್ತನೆಯದನ್ನು ಹಾಕಿದರು. ಪ್ಯಾಂಟಿಗೆ ಮುಂದೆ ಒಂದೊಂದು ಪ್ಲೀಟ್ ಇಟ್ಟು ತೊಡೆಯ ಬಳಿ ಸಡಿಲ ಬಿಟ್ಟಿದ್ದರಿಂದ ಮೊಣಕಾಲೂರಿದಾಗ ಎಲ್ಲಿಯೂ ಎಳೆಯುವುದಿಲ್ಲ. ಹೊಲಿಗೆಯ ಒಳಬದಿಯಲ್ಲಿ ಎರಡೂ ಕಡೆ ಒಂದಂಗುಲದಷ್ಟು ಮಾರ್ಜಿನ್ ಬಿಟ್ಟಿದ್ದಾರೆ, ಮೈ ಬಂದರೂ ಬಿಚ್ಚಿ ಸರಿಮಾಡಿಕೊಳ್ಳಬಹುದು. ಅಂಗಿಗೆ 450, ಪ್ಯಾಂಟಿಗೆ 600 ರೂಪಾಯಿ ಮಜೂರಿ.

ದೋಷವನ್ನೂ ಹೇಳಬೇಕು. ಹೇಳಿದ ದಿನಕ್ಕಿಂತ ನಾಲ್ಕು ದಿನ ತಡವಾಗಿ, ಸಮಾರಂಭದ ಹಿಂದಿನ ಸಂಜೆ ಬಟ್ಟೆ ಕೈಗೆ ಬಂತು. ಟ್ರಯಲ್ ನೋಡಿ ತಿದ್ದಿಸಿಕೊಳ್ಳಲು ಸಮಯವೇ ಉಳಿಯಲಿಲ್ಲ. ಎಡತೋಳು ಕಾಲಂಗುಲ ಉದ್ದವಾಗಿದ್ದುದನ್ನು ಮುಂದಿನ ವಾರ ಹೋಗಿ ಸರಿಮಾಡಿಸಬೇಕಾಯಿತು. ಹಬ್ಬದ ತಿಂಗಳುಗಳಲ್ಲಿ ಇಂಥ ಒಬ್ಬರೇ ನಡೆಸುವ ಅಂಗಡಿಗೆ ಕನಿಷ್ಠ ಮೂರು ವಾರ ಮುಂಚೆ ಬಟ್ಟೆ ಕೊಡುವುದು ಒಳ್ಳೆಯದು.

1680ರಲ್ಲಿ ಸ್ಥಾಪನೆಯಾದ ಮಿಲಾಗ್ರಿಸ್ ಚರ್ಚಿನಲ್ಲಿ ಆ ಭಾನುವಾರ ವಿಧಿಯೆಲ್ಲ ಕೊಂಕಣಿಯಲ್ಲಿ ನಡೆಯಿತು. ಭಾಷೆ ಪೂರ್ತಿ ತಿಳಿಯದಿದ್ದರೂ ಈ ಸಲ ನನ್ನ ಗಮನ ನನ್ನ ಬಟ್ಟೆಯ ಕಡೆಗೆ ಒಮ್ಮೆಯೂ ಹೋಗಲಿಲ್ಲ, ಮಗುವಿನ ತಲೆಯ ಮೇಲೆ ಬಿದ್ದ ನೀರನ್ನೂ ಅದು ಕಣ್ಣು ಪಿಳುಕಿಸಿದ್ದನ್ನೂ ನೋಡಲು ಸಾಧ್ಯವಾಯಿತು. ಈ ಅಂಗಿಯ ಬಗ್ಗೆ ನಾನು ಹೇಳಬಹುದಾದ ಅತಿ ದೊಡ್ಡ ಮೆಚ್ಚುಗೆ ಇದು. ವಿಧಿ ಮುಗಿದ ಮೇಲೆ ಮಗುವಿನ ಅಜ್ಜಿ ತಾವೇ ತಂದು ನನ್ನ ತೋಳಿಗೆ ಕೊಟ್ಟರು. ಕೂಸು ನನ್ನ ಎಡ ಹೆಗಲ ಮೇಲೆ ತಲೆಯಿಟ್ಟು ಎರಡು ನಿಮಿಷ ಅಲುಗದೆ ಮಲಗಿತ್ತು. ತೆಗೆದುಕೊಂಡು ಹೋದ ಮೇಲೆ ನೋಡಿದರೆ ಹೆಗಲಲ್ಲಿ ನಾಲ್ಕಾಣೆಯಷ್ಟು ಅಗಲದ ಎಣ್ಣೆಯ ಕಲೆ. ನೆತ್ತಿಗೆ ಹಚ್ಚಿದ್ದ ಕ್ರಿಸ್ಮ ತೈಲ ಬಟ್ಟೆಗೆ ಇಳಿದಿತ್ತು. ಮೂಗು ತಾಗಿಸಿದರೆ ಮರದ ಗೋಂದಿನಂಥ, ಗಂಧದ ಹತ್ತಿರಕ್ಕೆ ಬರುವ ಒಂದು ಪರಿಮಳ. ಅದನ್ನು ಅಂದೇ ಒಗೆಯಲು ನನಗೆ ಮನಸ್ಸು ಬರಲಿಲ್ಲ.

ಮೂರನೆಯ ದಿನ ಒಗೆದೆ. ಕಲೆಯ ಮೇಲೆ ಒಣ ಕಡಲೆಹಿಟ್ಟು ಉದುರಿಸಿ ಅರ್ಧ ಗಂಟೆ ಬಿಟ್ಟು ಕೊಡವಿ, ಪಾತ್ರೆ ತೊಳೆಯುವ ಸೋಪಿನ ದ್ರವವನ್ನು ಬೆರಳಿಂದ ಸವರಿ, ಉಗುರುಬೆಚ್ಚಗಿನ ನೀರಿನಲ್ಲಿ ಕೈಯಿಂದಲೇ ಒಗೆದದ್ದಕ್ಕೆ ಎರಡನೇ ಸಲಕ್ಕೆ ಕಲೆ ಪೂರ್ತಿ ಹೋಯಿತು. ಪಾಲಿಯೆಸ್ಟರ್ ಆಗಿದ್ದರೆ ಎಣ್ಣೆ ಇಷ್ಟು ಸುಲಭವಾಗಿ ಬಿಡುತ್ತಿರಲಿಲ್ಲ. ಪ್ಯಾಂಟಿನ ಮೇಲೆ ಬಿದ್ದಿದ್ದ ಮೇಣದ ಹನಿಯನ್ನು ಉಗುರಿಂದ ಕೆರೆದು, ಮೇಲೆ ಕೆಳಗೆ ಬರೀ ಕಾಗದವಿಟ್ಟು ಇಸ್ತ್ರಿ ಆಡಿಸಿದಾಗ ಕಾಗದವೇ ಅದನ್ನು ಹೀರಿಕೊಂಡಿತು. ಊಟದಲ್ಲಿ ಬಫಾತ್ ಎಂಬ ಮಂಗಳೂರು ಕ್ರೈಸ್ತರ ಮಸಾಲೆ ಪದಾರ್ಥದ ಕೆಂಪು ಸಾರಿನ ಒಂದು ಹನಿ ಕಫ್‌ಗೆ ತಾಗಿದ್ದು ಮಾತ್ರ ಇಂದಿಗೂ ತೀರ ಮಸುಕಾಗಿ ಉಳಿದಿದೆ.

ಲಿನನ್ನಿನ ದೊಡ್ಡ ದೌರ್ಬಲ್ಯವೆಂದರೆ ಸುಕ್ಕು. ಬೆಳಿಗ್ಗೆ ಗರಿಗರಿಯಾಗಿದ್ದದ್ದು ಚರ್ಚಿನ ಬೆಂಚಿನಿಂದ ಏಳುವಷ್ಟರಲ್ಲಿ ಬೆನ್ನ ಮೇಲೆ, ಮೊಣಕೈ ಮಡಿಕೆಗಳಲ್ಲಿ ಮುದುಡಿರುತ್ತದೆ. ಫೋಟೋದಲ್ಲಿ ಅದು ಕಾಣುತ್ತದೆ. ಇದನ್ನು ಒಪ್ಪಲಾಗದವರು ಲಿನನ್ ಕೊಳ್ಳಬಾರದು, ಒಳ್ಳೆಯ ನೂಲಿನ ಹತ್ತಿಯ ಅಂಗಿ ಅವರಿಗೆ ಹೆಚ್ಚು ಸಮಾಧಾನ ಕೊಡುತ್ತದೆ. ನಾನು ಕಂಡುಕೊಂಡ ಉಪಾಯವೆಂದರೆ ಅಂಗಿ ಇನ್ನೂ ತುಸು ಹಸಿಯಾಗಿರುವಾಗಲೇ ಬಿಸಿ ಇಸ್ತ್ರಿ ಹಾಕುವುದು ಮತ್ತು ಪ್ರಯಾಣಕ್ಕೆ ಬೇರೆ ಅಂಗಿ ಹಾಕಿಕೊಂಡು ಇದನ್ನು ಹ್ಯಾಂಗರಿನಲ್ಲಿ ಒಯ್ಯುವುದು. ಒಳಗೆ ಬನಿಯನ್ ಕಡ್ಡಾಯ. ಬೆವರಿದಾಗ ತಿಳಿಬಣ್ಣದ ಬಟ್ಟೆ ಮೈಯನ್ನು ತೋರಿಸುತ್ತದೆ. ಮೊದಲ ಒಗೆತದಲ್ಲಿ ತೋಳು ಸುಮಾರು ಅರ್ಧ ಅಂಗುಲ ಕುಗ್ಗಿತು. ಹೊಲಿಯುವ ಮುಂಚೆ ಬಟ್ಟೆಯನ್ನು ಒಂದು ರಾತ್ರಿ ನೀರಲ್ಲಿ ಅದ್ದಿ ಆರಿಸಿ ಕೊಟ್ಟಿದ್ದರೆ ಇದು ತಪ್ಪುತ್ತಿತ್ತು.

ಕಿನ್ನಿಗೋಳಿಯ ಕಡೆಯ ಸಮಾರಂಭದಲ್ಲಿ ನನ್ನ ಪಕ್ಕ ಕುಳಿತಿದ್ದ ಇಬ್ಬರು ಹಿರಿಯರು ಬಿಳಿ ಪಂಚೆ, ಬಿಳಿ ಅಂಗಿಯಲ್ಲಿದ್ದರು, ಅಷ್ಟು ಜನರಲ್ಲಿ ಅವರಷ್ಟು ಶೋಭಿಸಿದವರು ಇನ್ನಾರೂ ಇರಲಿಲ್ಲ. ಪಂಚೆ ಉಡುವವರು ನಿಸ್ಸಂಕೋಚವಾಗಿ ಉಡಬಹುದು; ಎತ್ತಿ ಕಟ್ಟಿದ್ದನ್ನು ಚರ್ಚಿನ ಮೆಟ್ಟಿಲ ಬಳಿಯೇ ಇಳಿಬಿಟ್ಟರಾಯಿತು. ರೇಷ್ಮೆಯ ಜುಬ್ಬವೂ ಅಗೌರವವಲ್ಲ, ಆದರೆ ಕೊರಳಪಟ್ಟಿಯಲ್ಲಿ ಜರಿ, ಮಣಿ ಕಸೂತಿಗಳಿದ್ದರೆ ಅದು ಮಗುವಿನ ಚರ್ಮಕ್ಕೆ ಚುಚ್ಚುತ್ತದೆ, ಎಣ್ಣೆಯ ಕಲೆ ಬಿದ್ದರೆ ರೇಷ್ಮೆಯನ್ನು ಮನೆಯಲ್ಲಿ ಒಗೆಯಲೂ ಆಗುವುದಿಲ್ಲ. ಸುಗಂಧದ ವಿಷಯದಲ್ಲಿಯೂ ಹೀಗೆಯೇ: ಘಾಟಿನ ಸೆಂಟು ಹಾಕಿಕೊಂಡವರ ಹೆಗಲ ಮೇಲೆ ಕೂಸು ನಿಲ್ಲುವುದಿಲ್ಲ. ಪಾದರಕ್ಷೆಯನ್ನು ಕೆಲವು ಊರಿನ ಚರ್ಚುಗಳಲ್ಲಿ ಹೊರಗೆ ಬಿಡುವ ರೂಢಿಯಿದೆ, ಕೆಲವೆಡೆ ಇಲ್ಲ. ಆದ್ದರಿಂದ ಸುಲಭವಾಗಿ ಕಳಚುವ ಶೂ ಮತ್ತು ತೂತಿಲ್ಲದ ಕಾಲುಚೀಲ ಇರಲಿ.

ಧಾರವಾಡದ ದೀಕ್ಷಾಸ್ನಾನಕ್ಕೆ ನನ್ನ ಜೊತೆ ಅಪ್ಪನೂ ಬಂದಿದ್ದರು, ಏಕೆಂದರೆ ಕರೆದವರು ಅವರ ಹಳೆಯ ಗೆಳೆಯರ ಮನೆಯವರು. ಅಲ್ಲಿಯದು ಬಾಸೆಲ್ ಮಿಷನ್ ಪರಂಪರೆಯ ಪ್ರೊಟೆಸ್ಟೆಂಟ್ ಸಭೆ, ಆರಾಧನೆ ಕನ್ನಡದಲ್ಲಿ. ಕ್ರಿಸ್ಮ ತೈಲದ ಲೇಪನ ಇರಲಿಲ್ಲ, ನೀರು ಮತ್ತು ಪ್ರಾರ್ಥನೆ ಇದ್ದವು. ಅಪ್ಪ ಬಿಳಿ ಧೋತರ, ಬಿಳಿ ಅಂಗಿ, ತಲೆಯ ಮೇಲೆ ಗಾಂಧಿ ಟೋಪಿ ಹಾಕಿಕೊಂಡು ಹೊರಟಿದ್ದರು. ನಮ್ಮ ಕಡೆ ಶುಭಕಾರ್ಯದಲ್ಲಿ ಹಿರಿಯರು ತಲೆ ಮುಚ್ಚಿಕೊಳ್ಳುವುದು ಮರ್ಯಾದೆ, ಬರಿದಲೆಯಲ್ಲಿ ಕೂರುವುದು ಸರಿಯಲ್ಲ. ಚರ್ಚಿನಲ್ಲಿ ಗಂಡಸು ತಲೆ ತೆರೆದು ಕೂರುವುದೇ ಮರ್ಯಾದೆ. ಬಾಗಿಲಲ್ಲಿ ನಾನು ಇದನ್ನು ಹೇಗೆ ಹೇಳುವುದೆಂದು ಹಿಂಜರಿಯುತ್ತಿರುವಾಗ ಅಪ್ಪನೇ ಸುತ್ತ ಒಮ್ಮೆ ನೋಡಿ, ಟೋಪಿ ತೆಗೆದು ನಾಲ್ಕು ಮಡಿಕೆ ಮಾಡಿ ಅಂಗಿಯ ಬಗಲಗಿಸೆಯಲ್ಲಿಟ್ಟರು. "ಅವರ ಮನಿ ಪದ್ಧತಿ ಹೆಂಗದನೋ ಹಂಗ ಇರಬೇಕಪಾ" ಎಂದಷ್ಟೇ ಹೇಳಿದರು. ಊಟಕ್ಕೆ ಕೂರುವಾಗ ಮತ್ತೆ ಹಾಕಿಕೊಂಡರು.

ಬಟ್ಟೆ, ಮಜೂರಿ, ಪ್ಯಾಂಟಿನ ಹತ್ತಿ ಎಲ್ಲ ಸೇರಿ ನನಗೆ 3,700 ರೂಪಾಯಿಯ ಆಸುಪಾಸು ಖರ್ಚಾಯಿತು. ಆ ಬ್ಲೇಜರಿಗಿಂತ ಕಡಿಮೆ. ಬ್ಲೇಜರನ್ನು ಒಂದೇ ದಿನ ಹಾಕಿಕೊಂಡೆ, ಈ ಜೋಡಿಯನ್ನು ದೀಕ್ಷಾಸ್ನಾನಗಳಿಗಷ್ಟೇ ಅಲ್ಲದೆ ಎರಡು ಗೃಹಪ್ರವೇಶಗಳಿಗೂ ಹಾಕಿಕೊಂಡು ಹೋಗಿದ್ದೇನೆ. ಡಿಸೆಂಬರಿನಲ್ಲಿ ಧಾರವಾಡದಂಥ ತಂಪು ಊರಿನ ಬೆಳಗಿನ ಆರಾಧನೆಗೆ ಹೋಗುವವರು ಇದರ ಮೇಲೆ ಹತ್ತಿಯ ತೆಳು ಕೋಟು ಹಾಕಿಕೊಳ್ಳಬಹುದು, ಆಗಲೂ ಲೋಹದ ಗುಂಡಿ ಇಲ್ಲದ್ದನ್ನೇ ನೋಡಿ ಆರಿಸಬೇಕು.

ಧಾರವಾಡದಿಂದ ಮರಳುವ ಮುನ್ನ ಅಪ್ಪ ನನ್ನ ಅಂಗಿಯ ತೋಳನ್ನು ಎರಡು ಬೆರಳಲ್ಲಿ ಹಿಡಿದು ಉಜ್ಜಿ ನೋಡಿ, ಇದು ಅಗಸಿಯದೇ ಹೌದೇನು ಎಂದು ಮತ್ತೆ ಕೇಳಿದರು. ಈ ತಿಂಗಳು ಮಂಗಳೂರಿಗೆ ಬಂದಾಗ ಅವರನ್ನು ಆ ದರ್ಜಿಯ ಬಳಿಗೆ ಕರೆದುಕೊಂಡು ಹೋದೆ. ಕೆನೆಬಣ್ಣದ ಲಿನನ್, ಮುಚ್ಚುಪಟ್ಟಿಯ ಚಿಪ್ಪಿನ ಗುಂಡಿ, ಜೊತೆಗೆ ಟೋಪಿ ಮಡಿಸಿಡುವಷ್ಟು ದೊಡ್ಡ ಬಗಲಗಿಸೆ ಎಂದು ಅವರ ಅಳತೆಯ ಪಕ್ಕದಲ್ಲಿ ದರ್ಜಿ ಬರೆದುಕೊಂಡಿದ್ದಾರೆ.